ಸೆಲರಿ ರಸ ಕುಡಿದರೆ ಬಿಪಿ ಮಾತ್ರೆ ಬಿಡಬಹುದಾ?

ಪ್ರಶ್ನೆ: ಅಕ್ಕಾ, ನಮ್ಮ ಯಜಮಾನರಿಗೆ 54 ವರ್ಷ. ಬಿಪಿಗೆ ದಿನಾ ಒಂದು ಮಾತ್ರೆ ತಗೊಳ್ತಾರೆ. ಬೆಂಗಳೂರಿನಲ್ಲಿರುವ ಮಗಳು ಹೇಳಿದಳು ಅಂತ ಈಗ ಬೆಳಿಗ್ಗೆ ಖಾಲಿ ಹೊಟ್ಟೆಗೆ ದೊಡ್ಡ ಲೋಟದ ತುಂಬ ಸೆಲರಿ ರಸ, ಚಿಟಿಕೆ ಉಪ್ಪು ಹಾಕಿ ಕುಡಿಯುತ್ತಿದ್ದಾರೆ. ಇನ್ನು ಮಾತ್ರೆ ಬೇಡ ಅಂತಿದ್ದಾರೆ. ಸರಿಯಾ? ಇಲ್ಲಿ ಸೆಲರಿ ಸಿಗುವುದೇ ಅಪರೂಪ, ಸಿಕ್ಕರೂ ದುಬಾರಿ. ಹಿತ್ತಲಲ್ಲಿ ಬೆಳೆಯಬಹುದಾ?
— ಓದುಗರೊಬ್ಬರು, ಕುಮಟಾ

ಉತ್ತರ: ತಂಗಿ, ಮೊದಲು ಮಾತ್ರೆಯ ವಿಷಯ. ಅದನ್ನು ಬಿಡಲು ಕೊಡಬೇಡಿ. ಬಿಪಿ ಏರಿದ್ದು ಎಷ್ಟೋ ಸಲ ಮೈಗೆ ಗೊತ್ತೇ ಆಗುವುದಿಲ್ಲ. ತಲೆನೋವಿಲ್ಲ, ಸುಸ್ತಿಲ್ಲ, ಆರಾಮಾಗಿದ್ದೇನೆ ಅನ್ನಿಸುತ್ತದೆ. ಹಾಗೆ ಮಾತ್ರೆ ಬಿಟ್ಟು ಲಕ್ವಾ ಹೊಡೆಸಿಕೊಂಡವರು ಶಿರಸಿಯಲ್ಲಿ ನನ್ನ ಹತ್ತಿರ ಎಣ್ಣೆ ತಿಕ್ಕಿಸಿಕೊಳ್ಳಲು ಬರುತ್ತಾರೆ. ಆಯುರ್ವೇದದವಳಾದ ನಾನೇ ಇಷ್ಟು ಖಡಕ್ಕಾಗಿ ಹೇಳುತ್ತಿರುವುದು ಅದಕ್ಕೆ.

ಸೆಲರಿ ಒಳ್ಳೆಯ ತರಕಾರಿಯೇ. ಕೊತ್ತಂಬರಿ, ಜೀರಿಗೆ, ಓಮ, ನಮ್ಮ ಗದ್ದೆ ಬದುವಿನ ಒಂದೆಲಗ, ಎಲ್ಲ ಒಂದೇ ಕುಟುಂಬದವು. ನೂರು ಗ್ರಾಂ ದಂಟಿನಲ್ಲಿ 95 ಗ್ರಾಂ ನೀರೇ. ಉಳಿದದ್ದರಲ್ಲಿ ನಾರು ಒಂದೂವರೆ ಗ್ರಾಂ, ಪೊಟ್ಯಾಸಿಯಂ ಸುಮಾರು 260 ಮಿಲಿಗ್ರಾಂ. ನೈಟ್ರೇಟ್ ಚೆನ್ನಾಗಿದೆ, ಅದು ಮೈಯೊಳಗೆ ರಕ್ತನಾಳ ಸಡಿಲಿಸುವ ವಸ್ತುವಾಗುತ್ತದೆ. ಅದರ ವಾಸನೆಗೆ ಕಾರಣವಾದ ಥಾಲೈಡ್‌ಗಳಿಗೂ ಅದೇ ಗುಣ ಇದೆ ಅನ್ನುತ್ತಾರೆ. ಬಿಪಿ ಇಳಿಯಿತು ಎಂದು ತೋರಿಸಿದ ಪ್ರಯೋಗಗಳು ಹೆಚ್ಚಾಗಿ ಬೀಜದ ಸಾರದ್ದು, ಅದೂ ಕೆಲವೇ ಜನರ ಮೇಲೆ ಮಾಡಿದ್ದು. ಅಷ್ಟಕ್ಕೆ ದಂಟಿನ ರಸವನ್ನು ಔಷಧಿ ಅನ್ನಲು ಆಗುವುದಿಲ್ಲ.

ಇನ್ನೊಂದು ವಿಷಯ ಯಾರೂ ಹೇಳುವುದಿಲ್ಲ. ಸೆಲರಿಯಲ್ಲೇ ಸೋಡಿಯಂ ಇದೆ, ನೂರು ಗ್ರಾಂಗೆ 80 ಮಿಲಿಗ್ರಾಂ. ದೊಡ್ಡ ಲೋಟ ರಸಕ್ಕೆ ಅರ್ಧ ಕಿಲೋ ದಂಟು ಬೇಕು ಅಲ್ವಾ? ಅಷ್ಟರಲ್ಲಿ ಹತ್ತಿರ ಹತ್ತಿರ ಒಂದು ಗ್ರಾಂ ಉಪ್ಪಿನಷ್ಟು ಸೋಡಿಯಂ ಇರುತ್ತದೆ. ಅದರ ಮೇಲೆ ನಿಮ್ಮವರ ಚಿಟಿಕೆ ಉಪ್ಪು! ದಿನಕ್ಕೆ ಒಟ್ಟು 5 ಗ್ರಾಂ ಉಪ್ಪು ದಾಟಬಾರದು, ಅಂದರೆ ಒಂದು ಟೀ ಚಮಚ. ನಾರು ಬೇರೆ ಸೋಸಿ ಚೆಲ್ಲುತ್ತೀರಿ. ಕಿಡ್ನಿ ತೊಂದರೆ ಇದ್ದವರಿಗೆ ಇಷ್ಟು ಪೊಟ್ಯಾಸಿಯಂ ಒಟ್ಟಿಗೆ ಹೋಗುವುದೂ ಒಳ್ಳೆಯದಲ್ಲ. ಕೆಲವು ಬಿಪಿ ಮಾತ್ರೆಗಳು ತಾವೇ ಪೊಟ್ಯಾಸಿಯಂ ಏರಿಸುತ್ತವೆ, ಹಾಗಾಗಿ ರಸದ ವಿಷಯ ಡಾಕ್ಟರಿಗೆ ಹೇಳಿಬಿಡಿ. ರಕ್ತ ತೆಳುವಾಗಲು ವಾರ್ಫರಿನ್ ತಗೊಳ್ಳುವವರೂ ಹೇಳಬೇಕು, ಸೆಲರಿಯಲ್ಲಿ ವಿಟಮಿನ್ ಕೆ ಇದೆ.

ಬಿಪಿ ಇಳಿಯಬೇಕು ಅಂದರೆ ನಿಮ್ಮ ಅಡುಗೆಮನೆಯ ಕಪಾಟು ನೋಡಿ. ಸಾಣಿಕಟ್ಟಾದ ಉಪ್ಪು ನಿಮ್ಮ ತಾಲ್ಲೂಕಿನದೇ. ಗಂಜಿ ಜೊತೆ ಮಿಡಿ ಉಪ್ಪಿನಕಾಯಿ, ಹಪ್ಪಳ, ಮಳೆಗಾಲದಲ್ಲಿ ಒಣಮೀನು. ಉಪ್ಪು ಒಳಗೆ ಹೋಗುವುದು ಅಲ್ಲಿಂದ. ಅದನ್ನು ಅರ್ಧಕ್ಕೆ ಇಳಿಸಿದರೆ ರಸಕ್ಕಿಂತ ಜಾಸ್ತಿ ಉಪಕಾರ.

ಸೆಲರಿ ಸಿಕ್ಕಾಗ ಅಗಿದು ತಿನ್ನಿ. ಹೊರಗಿನ ದಂಟಿಗೆ ಗಟ್ಟಿ ನಾರಿರುತ್ತದೆ. ತುದಿ ಮುರಿದು ಕೆಳಗೆ ಎಳೆದರೆ ನುಗ್ಗೆಕಾಯಿಯ ಹಾಗೆ ಎಳೆಎಳೆಯಾಗಿ ಬರುತ್ತದೆ. ಸಣ್ಣಗೆ ಹೆಚ್ಚಿ ಹೆಸರುಬೇಳೆ ಕೋಸಂಬರಿಗೆ ಹಾಕಿ. ಎಲೆ ಎಸೆಯಬೇಡಿ, ನಾನು ತಂಬ್ಳಿ ಮಾಡುತ್ತೇನೆ. ಒಂದು ಹಿಡಿ ಎಲೆ, ಅರ್ಧ ಚಮಚ ಜೀರಿಗೆ, ನಾಲ್ಕು ಕಾಳುಮೆಣಸು ತುಪ್ಪದಲ್ಲಿ ಬಾಡಿಸಿ, ಕಾಯಿತುರಿ ಜೊತೆ ಬೀಸಿ ಮಜ್ಜಿಗೆಗೆ ಕಲಸುವುದು. ಎಲೆಯ ಘಾಟು ಜಾಸ್ತಿ, ಹಿಡಿಗಿಂತ ಹೆಚ್ಚು ಹಾಕಿದರೆ ಕಹಿ ಬರುತ್ತದೆ. ಒಗ್ಗರಣೆಗೆ ಒಣಮೆಣಸು ಸಾಕು. ಉಪ್ಪು ಕಡಿಮೆ ಇದ್ದರೂ ಮಜ್ಜಿಗೆಯ ಹುಳಿಯಲ್ಲಿ ಗೊತ್ತಾಗುವುದಿಲ್ಲ.

ಹಿತ್ತಲಲ್ಲಿ ಬೆಳೆಯುವುದು ಕಷ್ಟ. ಅದು ತಂಪು ಹವೆಯ ಗಿಡ, ಬೀಜ ಮೊಳೆಯಲಿಕ್ಕೇ ಎರಡು ಮೂರು ವಾರ, ದಪ್ಪ ದಂಟು ಆಗಲು ನಾಲ್ಕು ತಿಂಗಳು. ಘಟ್ಟದ ಮೇಲೆ ಚಳಿಗಾಲದಲ್ಲಿ ಕುಂಡದಲ್ಲಿ ಎಲೆ ಸಿಗುತ್ತದೆ. ನಿಮ್ಮಲ್ಲಿ ನವೆಂಬರಿನಲ್ಲಿ ನೆರಳಲ್ಲಿಟ್ಟು ನೋಡಬಹುದು. ಆಗದಿದ್ದರೆ ಬೇಜಾರು ಬೇಡ, ಬಚ್ಚಲು ನೀರು ಹೋಗುವ ಕಡೆ ಒಂದೆಲಗ ಹಬ್ಬಿಸಿ. ತಂಬ್ಳಿಗೆ ಅದಕ್ಕಿಂತ ಒಳ್ಳೆಯದಿಲ್ಲ.

ಪ್ರಶ್ನೆ: ಅಮ್ಮನಿಗೆ ಮೊಣಕಾಲು ನೋವು. ಸೆಲರಿ ಬೀಜದ ಪುಡಿ ಒಳ್ಳೆಯದಂತೆ. ಅಂಗಡಿಯಿಂದ ಬಿತ್ತನೆ ಬೀಜದ ಪ್ಯಾಕೆಟ್ ತಂದಿದ್ದೇನೆ, ಹುರಿದು ಕೊಡಬಹುದಾ?
— ಓದುಗರೊಬ್ಬರು, ಸಿದ್ದಾಪುರ

ಉತ್ತರ: ದಯವಿಟ್ಟು ಕೊಡಬೇಡಿ. ಬಿತ್ತನೆ ಬೀಜಕ್ಕೆ ಬೂಸ್ಟು ಹಿಡಿಯದ ಹಾಗೆ ವಿಷದ ಪುಡಿ ಸವರಿರುತ್ತಾರೆ, ಹುರಿದರೂ ಅದು ಹೋಗುವುದಿಲ್ಲ. ಆ ಪ್ಯಾಕೆಟ್ಟನ್ನು ಅಡುಗೆಮನೆಯಲ್ಲಿ ಇಡಲೇಬೇಡಿ. ತಿನ್ನುವ ಬೀಜವೇ ಬೇರೆ ಸಿಗುತ್ತದೆ, ಪಂಜಾಬಿನಲ್ಲಿ ಅದನ್ನು ಹೊಲಗಟ್ಟಲೆ ಬೆಳೆಯುತ್ತಾರೆ. ಕೀಲುನೋವು, ಹೊಟ್ಟೆ ಉಬ್ಬರಕ್ಕೆ ನಾವು ಕೊಡುವ ಅಜಮೋದಾದಿ ಚೂರ್ಣಕ್ಕೆ ಕೆಲವು ಕಡೆ ಇದೇ ಬೀಜ ಹಾಕುತ್ತಾರೆ, ಕೆಲವು ಕಡೆ ಓಮದ ಬಳಗದ ಇನ್ನೊಂದು ಕಾಳು. ಸುಮ್ನೆ ಮನೆಯಲ್ಲಿ ಪುಡಿ ಮಾಡುವ ಬದಲು ಅಮ್ಮನನ್ನು ವೈದ್ಯರಿಗೆ ತೋರಿಸಿ, ಈಗ ತಗೊಳ್ಳುತ್ತಿರುವ ಮಾತ್ರೆಗಳ ಚೀಟಿಯನ್ನೂ ಒಯ್ಯಿರಿ. ಮನೆಯಲ್ಲಿ ಬಸುರಿಯರಿದ್ದರೆ ಅವರಿಗೆ ಈ ಬೀಜದ ಪುಡಿ ಬೇಡವೇ ಬೇಡ.