ಕೋಡ್ ಆಬ್‌ಫಸ್ಕೇಟ್ ಮಾಡಿದರೆ ಸಾಫ್ಟ್‌ವೇರ್ ಕ್ರ್ಯಾಕ್ ಆಗುವುದು ನಿಲ್ಲುತ್ತದಾ?

ಸಿ ಶಾರ್ಪ್ ಅನ್ನುವ ಪ್ರೋಗ್ರಾಮಿಂಗ್ ಭಾಷೆಯಲ್ಲಿ ಬರೆದ ಸಾಫ್ಟ್‌ವೇರನ್ನು ಮಾರಲು ಆಬ್‌ಫಸ್ಕೇಶನ್ (ಕೋಡನ್ನು ಓದಲು ಕಷ್ಟವಾಗುವಂತೆ ಗೋಜಲು ಮಾಡುವುದು) ಸಾಕಾ, ಆಕ್ಟಿವೇಶನ್ (ಲೈಸೆನ್ಸ್ ಇದ್ದವರಿಗೆ ಮಾತ್ರ ನಡೆಯುವಂತೆ ಮಾಡುವುದು) ಕೂಡ ಬೇಕಾ ಅಂತ ಕೇಳಿದ್ದೀರಿ. ಎರಡೂ ಬೇಕು, ಆದರೆ ಎರಡರ ಕೆಲಸ ಬೇರೆ ಬೇರೆ.

ಆಕ್ಟಿವೇಶನ್‌ನಲ್ಲಿ ನಿಮ್ಮ ಸರ್ವರ್ ಗ್ರಾಹಕರ ಹೆಸರು, ಅವಧಿ, ಕಂಪ್ಯೂಟರಿನ ಗುರುತು ಸೇರಿಸಿ ಲೈಸೆನ್ಸ್ ಫೈಲ್ ತಯಾರಿಸಿ, ನಿಮ್ಮ ಬಳಿ ಮಾತ್ರ ಇರುವ ಗುಟ್ಟಿನ ಪ್ರೈವೇಟ್ ಕೀಯಿಂದ ಡಿಜಿಟಲ್ ಸಹಿ ಹಾಕುತ್ತದೆ. ಪ್ರೋಗ್ರಾಮಿನೊಳಗೆ ಇರುವುದು ಅದರ ಜೋಡಿಯಾದ ಪಬ್ಲಿಕ್ ಕೀ ಮಾತ್ರ. ಅದರಿಂದ ಸಹಿಯನ್ನು ಪರೀಕ್ಷಿಸಬಹುದು, ಹೊಸ ಸಹಿ ಹಾಕಲು ಆಗುವುದಿಲ್ಲ. ಹಾಗಾಗಿ ನಕಲಿ ಲೈಸೆನ್ಸ್ ಹುಟ್ಟಿಸುವುದು ಕಷ್ಟ.

ಆದರೆ ಕಳ್ಳ ಸುಮ್ನೆ ನಕಲಿ ಕೀಲಿಕೈ ಮಾಡುತ್ತಾ ಕೂರುವುದಿಲ್ಲ, ಬಾಗಿಲನ್ನೇ ಕಿತ್ತು ಹಾಕುತ್ತಾನೆ. ಡಾಟ್‌ನೆಟ್ (ಸಿ ಶಾರ್ಪ್ ಕೋಡ್ ನಡೆಯುವ ವೇದಿಕೆ) ಪ್ರೋಗ್ರಾಮನ್ನು ಐಎಲ್‌ಸ್ಪೈ ಅನ್ನುವ, ಪ್ರೋಗ್ರಾಮಿನಿಂದ ಕೋಡನ್ನು ಮರಳಿ ತೋರಿಸುವ ಟೂಲಿನಲ್ಲಿ ತೆರೆದರೆ, ಲೈಸೆನ್ಸ್ ಪರೀಕ್ಷಿಸುವ 'ಚೆಕ್‌ಲೈಸೆನ್ಸ್' ಅನ್ನುವ ಫಂಕ್ಷನ್ ಹೆಸರು ಸಮೇತ ಕಾಣುತ್ತದೆ. ಅದು ಯಾವಾಗಲೂ 'ಟ್ರೂ' ಕೊಡುವಂತೆ ತಿದ್ದಿದರೆ ಮುಗೀತು. ಆಬ್‌ಫಸ್ಕೇಶನ್ ಆ ಹೆಸರನ್ನು 'ಎ', 'ಬಿ' ಅಂತ ಬದಲಿಸುತ್ತದೆ. ಹುಡುಕುವ ಶ್ರಮ ಜಾಸ್ತಿ ಆಗುತ್ತದೆ, ಅಷ್ಟೇ. (ಯಾವ ಹೆಸರು ಏನಾಯಿತು ಅನ್ನುವ ಪಟ್ಟಿಯಾದ ಮ್ಯಾಪಿಂಗ್ ಫೈಲ್ ಜೋಪಾನ! ಅದಿಲ್ಲದೆ ಕ್ರ್ಯಾಶ್ ರಿಪೋರ್ಟ್ ನಿಮಗೇ ಅರ್ಥವಾಗುವುದಿಲ್ಲ.)

ನಾನಾದರೆ ಮುಖ್ಯವಾದ ಒಂದು ಲೆಕ್ಕಾಚಾರವನ್ನು ಸರ್ವರ್‌ನಲ್ಲೇ ಇಡುತ್ತೇನೆ. ಕೈಗೇ ಸಿಗದ ಕೋಡನ್ನು ತಿದ್ದುವುದು ಹೇಗೆ, ಅಲ್ವಾ? ಇನ್ನು, ಇಂಟರ್ನೆಟ್ ಇಲ್ಲದಾಗಲೂ ಪ್ರೋಗ್ರಾಮಿನ ಉಳಿದ ಭಾಗ ಒಂದೆರಡು ವಾರ ನಡೆಯುವಂತೆ ಬಿಡಿ.