ಕಾದಂಬರಿ ಪ್ರಿಯರಿಗೆ ಕತೆಯಲ್ಲದ ಪುಸ್ತಕಗಳು

ಕಾದಂಬರಿ ಸರಾಗವಾಗಿ ಓದುತ್ತೀರಿ, ಕತೆಯಲ್ಲದ ಪುಸ್ತಕ ಹಿಡಿದರೆ ಮಾತ್ರ 50 ಪುಟ ದಾಟಲ್ಲ, ಎರಡೂ ಬೆರೆತ ಪಟ್ಟಿ ಕೊಡಿ ಅಂದಿದ್ದೀರಿ. ಉದ್ದದ ಪಟ್ಟಿ ಬೇಡ. ಜೋಡಿಯಾಗಿ ಓದಿ ನೋಡಿ.

ಮೊದಲ ಜೋಡಿಯಲ್ಲಿ ಪೂರ್ಣಚಂದ್ರ ತೇಜಸ್ವಿಯವರ ‘ಕರ್ವಾಲೊ’. ಹಾರುವ ಓತಿಕ್ಯಾತನನ್ನು ಹುಡುಕಿಕೊಂಡು ಕಾಡಿಗೆ ಹೋಗುವ ಕಾದಂಬರಿ. ಅದರ ಗುಂಗು ಇಳಿಯುವ ಮೊದಲೇ ಬಿ.ಜಿ.ಎಲ್. ಸ್ವಾಮಿಯವರ ‘ಹಸುರು ಹೊನ್ನು’ ತೆಗೆಯಿರಿ. ಸಸ್ಯಶಾಸ್ತ್ರದ ಮೇಷ್ಟ್ರು ವಿದ್ಯಾರ್ಥಿಗಳನ್ನು ಕಟ್ಟಿಕೊಂಡು ಕಾಡು ಸುತ್ತುತ್ತಾರೆ, ಅಷ್ಟೆ. ಆದರೆ ದಾರಿಯುದ್ದಕ್ಕೂ ಹರಟೆ, ಕೀಟಲೆ, ನಡುನಡುವೆ ಗಿಡಮರಗಳ ಸಂಗತಿ. 1978ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂದ ಪುಸ್ತಕ ಅಂದ ಕೂಡಲೇ ಭಾರೀ ಗಂಭೀರ ಇರಬೇಕು ಅನ್ನಿಸುತ್ತದೆ ಅಲ್ವಾ? ಇದು ನಗಿಸುತ್ತದೆ. ಗಿಡಗಳ ಉದ್ದುದ್ದ ಹೆಸರು ಬಂದಾಗ ಹೆದರಬೇಡಿ. ಸುಮ್ನೆ ಮುಂದೆ ಹೋಗಿ, ಯಾರೂ ಪರೀಕ್ಷೆ ಇಡಲ್ಲ.

ಎರಡನೇ ಜೋಡಿ ಬೇಕಾದರೆ ವಿವೇಕ ಶಾನಭಾಗರ ‘ಘಾಚರ್ ಘೋಚರ್’, ಅದರ ಜೊತೆ ಸಿದ್ಧಲಿಂಗಯ್ಯನವರ ಆತ್ಮಕತೆ ‘ಊರುಕೇರಿ’. ಮೊದಲನೆಯದು ತೆಳ್ಳಗಿದೆ. ದುಡ್ಡು ಬಂದ ಮೇಲೆ ಒಂದು ಮನೆಯವರು ಹೇಗೆ ಬದಲಾಗುತ್ತಾರೆ ಅನ್ನುವುದೇ ಕತೆ. ‘ಊರುಕೇರಿ’ಯಲ್ಲಿ ಬಡತನವಿದೆ, ಜಾತಿಯ ಅವಮಾನವಿದೆ, ಆದರೂ ಗೋಳಿನ ದನಿ ಇಲ್ಲ. ಚಿಕ್ಕ ಚಿಕ್ಕ ಪ್ರಸಂಗಗಳಾದ್ದರಿಂದ ಕಾದಂಬರಿ ಓದಿ ರೂಢಿ ಇರುವವರಿಗೆ ಸುಲಭ. ನನ್ನನ್ನು ಕೇಳಿದರೆ ಕತೆಯಲ್ಲದ ಪುಸ್ತಕಗಳಲ್ಲಿ ನೀವು ‘ಊರುಕೇರಿ’ಯಿಂದಲೇ ಶುರು ಮಾಡುವುದು ಒಳ್ಳೆಯದು.

ದಪ್ಪ ಇತಿಹಾಸದ ಪುಸ್ತಕಗಳಿಗೆ ಸದ್ಯಕ್ಕೆ ಕೈ ಹಾಕಬೇಡಿ. ಮುನ್ನುಡಿ ಜಾಸ್ತಿ ಉದ್ದ ಇದ್ದರೆ ಅದನ್ನು ಕೊನೆಗೆ ಓದಿದರಾಯಿತು.