‘ನನ್ನ ಗಂಡ ನಾರ್ಸಿಸಿಸ್ಟ್, ಗುಣ ಮಾಡಿಕೊಡಿ’

ಪ್ರಶ್ನೆ: ಮದುವೆಯಾಗಿ ಒಂಬತ್ತು ವರ್ಷವಾಯಿತು. ಗಂಡನಿಗೆ ಸದಾ ಹೊಗಳಿಕೆ ಬೇಕು. ನಾನು ಜ್ವರ ಬಂದು ಮಲಗಿದ್ದರೂ ಅವರಿಗೆ ಅವರದೇ ಮಾತು. ತಪ್ಪೆಲ್ಲ ನನ್ನದೇ. ರೀಲ್ಸ್ ನೋಡಿದ ಮೇಲೆ ಇವರು ನಾರ್ಸಿಸಿಸ್ಟ್ (ತಾನೇ ದೊಡ್ಡವನು ಅನ್ನುವ ಸ್ವಭಾವದವರು) ಅಂತ ಖಾತ್ರಿಯಾಯಿತು. ಆನ್‌ಲೈನ್ ಟೆಸ್ಟ್‌ನಲ್ಲೂ ಹಾಗೇ ಬಂತು. ಗುಣ ಮಾಡುವುದು ಹೇಗೆ?
– ಗೃಹಿಣಿ, ಕುವೆಂಪುನಗರ, ಮೈಸೂರು

ಉತ್ತರ: ಇತ್ತೀಚೆಗೆ ಬರುವ ಪತ್ರಗಳಲ್ಲಿ ಇದೇ ಜಾಸ್ತಿ. ಟೆಸ್ಟ್ ಬರೆದವರು ನೀವು, ಕಾಯಿಲೆ ಅವರಿಗೆ! ಇದು ಯಾವ ಸೀಮೆ ಪರೀಕ್ಷೆ?

ಮಾನಸಿಕ ಕಾಯಿಲೆ ಗುರುತಿಸಲು ನಾವು ವೈದ್ಯರು ಬಳಸುವ ಡಿಎಸ್‌ಎಂ-5 ಕೈಪಿಡಿಯಲ್ಲಿ ನಾರ್ಸಿಸಿಸ್ಟಿಕ್ ವ್ಯಕ್ತಿತ್ವದ ತೊಂದರೆಗೆ 9 ಲಕ್ಷಣಗಳಿವೆ. ಕನಿಷ್ಠ 5 ಇರಬೇಕು. ಅಷ್ಟಕ್ಕೇ ಮುಗಿಯುವುದಿಲ್ಲ. ಪ್ರಾಯಕ್ಕೆ ಬಂದಾಗಿನಿಂದ ಇದ್ದಿರಬೇಕು. ಮನೆ, ಆಫೀಸು, ಗೆಳೆಯರು ಅಂತ ಹಲವು ಕಡೆ ಕಾಣಬೇಕು. ಹೆಂಡತಿಯ ಮೇಲೆ ಮಾತ್ರ ದರ್ಪ ತೋರಿಸುವ ಗಂಡಸರು ನಮ್ಮಲ್ಲಿ ಬೇಕಾದಷ್ಟಿದ್ದಾರೆ. ಬಹಳ ಸಲ ಅದು ಕಾಯಿಲೆಯಲ್ಲ, ಬೆಳೆಸಿದ ರೀತಿ.

ನಾನು ಮೊದಲು ಕೇಳುವುದು ‘ಯಾವಾಗಿನಿಂದ?’ ಅಂತ. ಕೆಲವೇ ದಿನಗಳಿಂದ ದೊಡ್ಡ ದೊಡ್ಡ ಮಾತು, ನಿದ್ದೆಯಿಲ್ಲದಿದ್ದರೂ ಹುಮ್ಮಸ್ಸು, ಸಿಕ್ಕಾಪಟ್ಟೆ ಖರ್ಚು ಶುರುವಾಗಿದ್ದರೆ ಅದು ಮನಸ್ಸು ಅತಿಯಾಗಿ ಏರಿಳಿಯುವ ಬೈಪೋಲಾರ್ ಕಾಯಿಲೆ ಇರಬಹುದು. ಅದಕ್ಕೆ ಔಷಧಿ ಇದೆ, ತಡ ಮಾಡಬಾರದು. ಐವತ್ತರ ಆಚೆ ಸ್ವಭಾವವೇ ಬದಲಾಗಿದ್ದರೆ ಮಿದುಳಿನ ತಪಾಸಣೆ ಬೇಕು. ಕುಡಿತ ಇದ್ದರೆ ಅದನ್ನೂ ಮುಚ್ಚಿಡದೆ ಹೇಳಿ.

ಇನ್ನು ನಿಜವಾಗಿ ನಾರ್ಸಿಸಿಸ್ಟಿಕ್ ವ್ಯಕ್ತಿತ್ವದ ತೊಂದರೆಯೇ ಆಗಿದ್ದರೆ, ಅದಕ್ಕೇ ಅಂತ ಮಾತ್ರೆ ಇಲ್ಲ. ಮಾತಿನ ಚಿಕಿತ್ಸೆ ಇದೆ, ವರ್ಷಗಟ್ಟಲೆ ಹಿಡಿಯಬಹುದು. ಅದಕ್ಕೆ ಅವರೇ ಬರಬೇಕು. ‘ನನ್ನ ಸ್ವಭಾವ ಸರಿಮಾಡಿ’ ಅಂತ ಬರುವವರು ಅಪರೂಪ. ಕೆಲಸ ಹೋದಾಗ, ಮನಸ್ಸು ಕುಗ್ಗಿದಾಗ ಬರುತ್ತಾರೆ. ಹೊರಗೆ ಜಂಭ ಇದ್ದರೂ ಒಳಗೆ ಅವಮಾನದ ಭಯ ಇರುತ್ತದೆ. ಹಾಗಾಗಿ ಜಗಳದ ಮಧ್ಯೆ ‘ನೀವು ನಾರ್ಸಿಸಿಸ್ಟ್’ ಅಂತ ಅನ್ನಬೇಡಿ. ‘ಸಿಟ್ಟು ಜಾಸ್ತಿಯಾಗಿದೆ, ನಿದ್ದೆನೂ ಸರಿಯಿಲ್ಲ, ಒಂದ್ಸಲ ತೋರಿಸೋಣ’ ಅನ್ನಿ.

ಕಾಯಿಲೆಗೆ ಹೆಸರು ಸಿಗಲಿ ಅಂತ ನೀವು ಕಾಯಬೇಕಾಗಿಲ್ಲ. ಕಾಯಿಲೆ ಇದ್ದರೂ ಹೊಡೆತ ಹೊಡೆತವೇ ಅಲ್ವಾ? ಹೊಡೆಯುವುದು, ಬೆದರಿಸುವುದು, ಮನೆ ಖರ್ಚಿಗೆ ದುಡ್ಡು ಕೊಡದೆ ಸತಾಯಿಸುವುದು ಇದ್ದರೆ ಮಹಿಳಾ ಸಹಾಯವಾಣಿ 181ಕ್ಕೆ ಕರೆ ಮಾಡಿ. 2005ರ ಕೌಟುಂಬಿಕ ಹಿಂಸೆ ಕಾಯ್ದೆಯಡಿ ಮಾತಿನ ಹಿಂಸೆಯೂ ಹಿಂಸೆಯೇ. ನಿಮ್ಮ ಮನಸ್ಸೇ ಸೋತಿದ್ದರೆ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ-ಮಾನಸ್ 14416 ಇದೆ, ಕನ್ನಡದಲ್ಲೇ ಮಾತಾಡಬಹುದು. ಗಂಡ ಬರದಿದ್ದರೆ ಬೇಡ. ನೀವೊಬ್ಬರೇ ಡಾಕ್ಟರ ಹತ್ತಿರ ಹೋಗಿ ಬನ್ನಿ.

ಪ್ರಶ್ನೆ: ಹದಿನಾಲ್ಕರ ಮಗಳು ದಿನವಿಡೀ ಸೆಲ್ಫಿ ತೆಗೆಯುತ್ತಾಳೆ. ಇದೂ ಅದೇನಾ?
– ಮಂಡ್ಯ

ಉತ್ತರ: ಅಲ್ಲ. ವಯಸ್ಸು ಹದಿನಾಲ್ಕು, ಅಷ್ಟೇ.

ಪ್ರಶ್ನೆ: ಪಂಡಿತರೊಬ್ಬರು ಅಹಂಕಾರ ಇಳಿಸುವ ಪುಡಿ ಕೊಟ್ಟಿದ್ದಾರೆ. ಯಜಮಾನರಿಗೆ ಗೊತ್ತಾಗದ ಹಾಗೆ ಕಾಫಿಗೆ ಹಾಕುತ್ತಿದ್ದೇನೆ. ಎಷ್ಟು ದಿನ ಹಾಕಬೇಕು?
– ಶ್ರೀರಂಗಪಟ್ಟಣ

ಉತ್ತರ: ಇವತ್ತೇ ನಿಲ್ಲಿಸಿ. ಅದರಲ್ಲಿ ಏನಿದೆ ಅಂತ ನಿಮಗೂ ಗೊತ್ತಿಲ್ಲ. ಅವರು ಬಿಪಿ, ಶುಗರ್ ಮಾತ್ರೆ ತಗೊಳ್ಳುತ್ತಿದ್ದರೆ ಇನ್ನೂ ಅಪಾಯ. ಕದ್ದು ಹಾಕಿದ್ದು ಗೊತ್ತಾದರೆ ಆಮೇಲೆ ಯಾವ ಡಾಕ್ಟರನ್ನೂ ನಂಬುವುದಿಲ್ಲ. ಉಳಿದ ಪುಡಿ ಎಸೆಯಬೇಡಿ. ವಾಂತಿ, ಮಂಪರು ಏನಾದರೂ ಶುರುವಾದರೆ ಪೊಟ್ಟಣದ ಸಮೇತ ಆಸ್ಪತ್ರೆಗೆ ಕರೆದುಕೊಂಡು ಹೋಗಿ, ಏನು ಹಾಕಿದ್ದೀರಿ ಅಂತ ನಾಚಿಕೆ ಬಿಟ್ಟು ಹೇಳಿ.